ಮಾತೇ ಇಲ್ದೆ ಸ್ಟೇಜ್ ಮೇಲೆ ಒಂದು ರಾತ್ರಿ ಕಳೆಯೋದು ಹೇಗೆ: ಬೆಲಾಸ್ಕೋ ಲೈಟಿಂಗ್ ನಮ್ಮೂರ ನಾಟಕಕ್ಕೆ

ಕಾಲೇಜು ನಾಟಕ ಆಗ್ಲಿ ಹವ್ಯಾಸಿ ತಂಡ ಆಗ್ಲಿ, ನಮ್ ಮೈಸೂರು ಮಂಡ್ಯ ಕಡೆ ತಿಂಗಳುಗಟ್ಲೆ ಡೈಲಾಗ್ ರಿಹರ್ಸಲ್ ನಡೆಯತ್ತೆ, ಲೈಟ್ ಮಾತ್ರ ಶೋ ದಿನ ಮಧ್ಯಾಹ್ನ ಬರತ್ತೆ. ಲೈಟಿನವ್ರು ಏಣಿ ಹಾಕ್ಕೊಂಡು ನಾಕು ಪಾರ್ ಕ್ಯಾನ್ (ಡಬ್ಬಿ ತರದ ಸ್ಟೇಜ್ ಲೈಟ್) ಕಟ್ಟಿ "ಸಾರ್ ಬ್ಲೂ ಎಲ್ಲಿ ಬೇಕು" ಅಂತ ಕೇಳಿದಾಗ್ಲೇ ಡೈರೆಕ್ಟರ್ ಮೊದಲನೇ ಸಲ ಲೈಟ್ ಬಗ್ಗೆ ಯೋಚನೆ ಮಾಡೋದು. ರಾತ್ರಿ ಅಂದ್ರೆ ಬ್ಲೂ, ಬೆಳಗ್ಗೆ ಅಂದ್ರೆ ಎಲ್ಲಾ ಆನ್, ಮಧ್ಯ ಒಂದು ಬ್ಲ್ಯಾಕೌಟ್, ಮುಗೀತು. ಇಷ್ಟು ಒಳ್ಳೆ ಆಕ್ಟರ್‌ಗಳು ಇರೋ ಊರಲ್ಲಿ ಹಿಂಗಾಗ್ಬಾರ್ದು ಅನ್ನೋದು ನನ್ನ ಮಾತು. ಲೈಟೂ ಒಂದು ಪಾತ್ರ, ಅದಕ್ಕೂ ಮೊದಲನೇ ವಾರದಿಂದಲೇ ರಿಹರ್ಸಲ್ ಬೇಕು. ಇದನ್ನ ನೂರಿಪ್ಪತ್ತು ವರ್ಷದ ಹಿಂದೆ ಹಠ ಹಿಡಿದು ಮಾಡಿ ತೋರಿಸಿದವನು ಅಮೆರಿಕದ ನಾಟಕ ಡೈರೆಕ್ಟರ್ ಡೇವಿಡ್ ಬೆಲಾಸ್ಕೋ, ಅದಕ್ಕೇ ಅವನ ಕೆಲಸ ಇಟ್ಕೊಂಡೇ ಹೇಳ್ತೀನಿ.

ಹುಟ್ಟಿದ್ದು 1853ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ. ಅಲ್ಲಿನ ನಾಟಕ ಕಂಪನಿಗಳಲ್ಲಿ ಚಿಲ್ಲರೆ ಪಾರ್ಟು, ಪರದೆ ಹಿಂದಿನ ಕೆಲಸ, ಸ್ಟೇಜ್ ಮ್ಯಾನೇಜರ್ ಕೆಲಸ, ಹಳೇ ನಾಟಕ ತಿದ್ದಿ ಬರೆಯೋದು, ಸಿಕ್ಕಿದ್ದೆಲ್ಲಾ ಮಾಡ್ದ. ನಮ್ಮಲ್ಲಿ ಗುಬ್ಬಿ ಕಂಪನಿಯಂಥ ಕಡೆ ಹುಡುಗರು ಸೇರ್ಕೊಂಡು ಬಣ್ಣದಿಂದ ಹಿಡಿದು ಪರದೆ ಎಳೆಯೋವರೆಗೂ ಕಲೀತಿದ್ರಲ್ಲ, ಹೆಚ್ಚೂಕಮ್ಮಿ ಅದೇ ಪಾಠಶಾಲೆ. 1882ರಲ್ಲಿ ನ್ಯೂಯಾರ್ಕ್‌ಗೆ ಬಂದ, 1895ರಲ್ಲಿ 'ದ ಹಾರ್ಟ್ ಆಫ್ ಮೇರಿಲ್ಯಾಂಡ್' ಹಿಟ್ ಆಯ್ತು, ಆಮೇಲೆ ತಾನೇ ಬರೆದು ತಾನೇ ಡೈರೆಕ್ಟ್ ಮಾಡಿ ತಾನೇ ದುಡ್ಡು ಹಾಕೋ ಮಟ್ಟಕ್ಕೆ ಬೆಳೆದ. 1907ರಲ್ಲಿ ಸ್ವಂತ ಥಿಯೇಟರ್ ಕಟ್ಟಿಸ್ದ, ಅದು 44ನೇ ಬೀದಿಯಲ್ಲಿ ಈಗ್ಲೂ ಅವನ ಹೆಸರಲ್ಲೇ ನಡೀತಿದೆ. ಅಲ್ಲಿ ಲೈಟ್ ಪ್ರಯೋಗಕ್ಕೆ ಅಂತಾನೇ ಜಾಗ ಬಿಡಿಸಿದ್ದ, ಲೂಯಿಸ್ ಹಾರ್ಟ್‌ಮನ್ ಅನ್ನೋ ಎಲೆಕ್ಟ್ರಿಷಿಯನ್ ವರ್ಷಾನುಗಟ್ಲೆ ಜೊತೆಗಿದ್ದ. ತೀರ್ಕೊಂಡಿದ್ದು 1931ರಲ್ಲಿ.

ಈಗ ಮಾತೇ ಇಲ್ದ ಆ ರಾತ್ರಿ ಸೀನ್‌ಗೆ ಬರೋಣ. 1900ರ ಮಾರ್ಚ್‌ನಲ್ಲಿ 'ಮೇಡಮ್ ಬಟರ್‌ಫ್ಲೈ' ಅನ್ನೋ ಏಕಾಂಕ ಮಾಡ್ದ, ಜಾನ್ ಲೂಥರ್ ಲಾಂಗ್ ಬರೆದ ಕಥೆಯಿಂದ ತಗೊಂಡಿದ್ದು. ಅದರಲ್ಲಿ ಜಪಾನಿನ ಹುಡುಗಿ ಅಮೆರಿಕದ ಗಂಡ ಬರ್ತಾನೆ ಅಂತ ಇಡೀ ರಾತ್ರಿ ಕಾಯ್ತಾಳೆ. ಬೇರೆಯವ್ರಾಗಿದ್ರೆ ಪರದೆ ಬಿಟ್ಟು ಎತ್ತಿಬಿಡ್ತಿದ್ರು. ಇವನು ಪರದೆ ಮುಟ್ಲಿಲ್ಲ. ಸಂಜೆ ಆಗತ್ತೆ, ಕೆಲಸದಾಕೆ ದೀಪ ಹಚ್ತಾಳೆ, ನಕ್ಷತ್ರ ಮೂಡ್ತಾವೆ, ಬೆಳಕು ಹರಿಯತ್ತೆ, ದೀಪ ಒಂದೊಂದಾಗಿ ಆರಿಹೋಗ್ತಾವೆ, ಹಕ್ಕಿ ಕೂಗ್ತಾವೆ, ಕೆಲಸದಾಕೆ ನೆಲದ ಮೇಲೆ ನಿದ್ದೆ ಹೋಗಿದಾಳೆ, ಇವಳು ಮಾತ್ರ ನಿಂತಲ್ಲೇ ನಿಂತಿದಾಳೆ. ಸುಮಾರು 14 ನಿಮಿಷ, ಒಂದು ಮಾತಿಲ್ಲ. ಅದೇ ವರ್ಷ ಲಂಡನ್‌ನಲ್ಲಿ ಈ ನಾಟಕ ನೋಡಿದ ಇಟಲಿಯ ಸಂಗೀತಗಾರ ಪುಚ್ಚೀನಿ 1904ರಲ್ಲಿ ಇದನ್ನೇ ಆಪೆರಾ ಮಾಡ್ದ. ಜಪಾನಿನ ಹೆಣ್ಣಿನ ಬಾಯಿಗೆ ಅರೆಬರೆ ಇಂಗ್ಲಿಷ್ ಹಾಕಿದ್ದು, ಅವಳನ್ನ ಬರೀ ಕಾದು ಸಾಯೋಳನ್ನಾಗಿ ಮಾಡಿದ್ದು ನಂಗೆ ಸ್ವಲ್ಪಾನೂ ಒಪ್ಪಿಗೆ ಇಲ್ಲ, ಕಥೆ ತಗೋಬೇಡಿ, ಆ ರಾತ್ರಿ ಮಾತ್ರ ತಗೊಳ್ಳಿ.

ನಮಗೆ ಬೇಕಾದ ಸೀನ್ ನಮ್ಮಲ್ಲೇ ಇದೆ. ಮಂಡ್ಯ ಕಡೆ ಒಂದು ಹಳ್ಳಿ, ಗಂಡ ಕಬ್ಬಿನ ಗಾಡಿ ಹೊಡ್ಕೊಂಡು ಫ್ಯಾಕ್ಟರಿಗೆ ಹೋದವನು ಹೊತ್ತು ಮುಳುಗಿದ್ರೂ ಬಂದಿಲ್ಲ, ಹೆಂಡ್ತಿ ಜಗಲಿ ಮೇಲೆ ಕೂತಿದಾಳೆ, ಮಗಳು ಪಕ್ಕದಲ್ಲಿ. 14 ನಿಮಿಷ ಬೇಡ, ನಮ್ ಹಾಲ್‌ಗಳಲ್ಲಿ ನಾಕು ನಿಮಿಷ ಸಾಕು, ಅದನ್ನ ಸರಿಯಾಗಿ ಹಿಡಿಯೋದೇ ಕಷ್ಟ.

ಏನೂ ಬಾಡಿಗೆಗೆ ತರೋ ಮುಂಚೆ ಹೋಗಿ ಒಂದು ಸಂಜೆ ನೋಡಿ. ಮೈಸೂರಲ್ಲಿದ್ರೆ ಕುಕ್ಕರಹಳ್ಳಿ ಕೆರೆ ಏರಿ ಮೇಲೆ, ಮಂಡ್ಯದಲ್ಲಿದ್ರೆ ಯಾವುದಾದ್ರೂ ನಾಲೆ ಏರಿ ಮೇಲೆ, ಫೋನ್ ಜೇಬಲ್ಲಿಟ್ಟು ನೋಟ್‌ಬುಕ್ ಹಿಡ್ಕೊಂಡು ಕೂತ್ಕೊಳ್ಳಿ. ಮೊದಲು ನೆಲದ ಮೇಲಿನ ಉದ್ದ ನೆರಳು ಹೋಗತ್ತೆ, ಅಂದ್ರೆ ಪಕ್ಕದಿಂದ ಬರೋ ಬಿಸಿಲು ಸಾಯತ್ತೆ. ಆದ್ರೆ ಆಕಾಶ ಇನ್ನೂ ಬೆಳ್ಳಗೇ ಇರತ್ತೆ, ಅದರ ಮುಂದೆ ಮರ ಮನೆ ಜನ ಎಲ್ಲಾ ಕಪ್ಪಾಗ್ತಾ ಹೋಗ್ತಾರೆ. ಆಕಾಶ ಕಪ್ಪಾಗೋದು ಎಲ್ಲಕ್ಕಿಂತ ಕೊನೆಗೆ. ಬೆಳಗ್ಗೆ ಇದು ಪೂರ್ತಿ ಉಲ್ಟಾ, ಮೊದಲು ಆಕಾಶ, ತುಂಬ ಹೊತ್ತಾದ್ಮೇಲೆ ಪಕ್ಕದ ಬಿಸಿಲು. ನಾವು ನಾಟಕದಲ್ಲಿ ಎಲ್ಲಾ ಲೈಟನ್ನೂ ಒಟ್ಟಿಗೆ ಇಳಿಸಿ ಒಟ್ಟಿಗೆ ಏರಿಸ್ತೀವಲ್ಲ, ಅದಕ್ಕೇ ಅದು ಸಂಜೆ ತರ ಕಾಣಲ್ಲ, ಕರೆಂಟ್ ಡಲ್ ಆದಂಗೆ ಕಾಣತ್ತೆ.

ಬೆಲಾಸ್ಕೋ ಈ ವಿಷಯದಲ್ಲಿ ಎಷ್ಟು ಖಡಕ್ ಅಂದ್ರೆ 1905ರಲ್ಲಿ 'ದ ಗರ್ಲ್ ಆಫ್ ದ ಗೋಲ್ಡನ್ ವೆಸ್ಟ್' ಮಾಡ್ವಾಗ ಕ್ಯಾಲಿಫೋರ್ನಿಯಾದ ಸೂರ್ಯಾಸ್ತ ಬೇಕು ಅಂತ ಮೂರು ತಿಂಗಳು ಪ್ರಯೋಗ ಮಾಡಿಸ್ದ. ಕೊನೆಗೆ ಬಂದ ಸೂರ್ಯಾಸ್ತ ಚೆನ್ನಾಗೇ ಇತ್ತು, ಆದ್ರೆ ಅದು ಕ್ಯಾಲಿಫೋರ್ನಿಯಾದ್ದಲ್ಲ ಅಂತ ಪಕ್ಕಕ್ಕಿಟ್ಟುಬಿಟ್ಟ. ಅಲ್ಲೇ ಹುಟ್ಟಿದವನು, ಅವನಿಗೆ ಗೊತ್ತಾಗ್ದೆ ಇರತ್ತಾ. ನಿಮಗೂ ನಿಮ್ಮೂರಿನ ಸಂಜೆ ಗೊತ್ತು, ಅದನ್ನ ನಂಬಿ.

ಸಾಮಾನು ಜಾಸ್ತಿ ಬೇಡ. ಒಂದು ವಿಂಗ್‌ನಿಂದ (ಅಂದ್ರೆ ಸ್ಟೇಜ್ ಪಕ್ಕದ ಮರೆಯಿಂದ) ಸಂಜೆಗೆ ಎರಡು ಹ್ಯಾಲೋಜನ್ ಸ್ಪಾಟ್, ಎದುರು ವಿಂಗ್‌ನಿಂದ ಬೆಳಗ್ಗೆಗೆ ಎರಡು, ಹಿಂದಿನ ಬಿಳಿ ಪರದೆಗೆ ಎರಡು ಎಲ್‌ಇಡಿ, ಮುಂದಿನಿಂದ ತುಂಬ ಕಮ್ಮಿ ಲೆವೆಲ್‌ನಲ್ಲಿ ಒಂದು, ಲಾಟೀನಿಗೆ ಸಪೋರ್ಟ್ ಆಗಿ ಮೇಲಿಂದ ಸಣ್ಣದೊಂದು. ಸಂಜೆ ಬಂದ ಕಡೆಯಿಂದಲೇ ಬೆಳಗೂ ಬಂದ್ರೆ ಜನಕ್ಕೆ ಬಾಯಲ್ಲಿ ಹೇಳಕ್ಕೆ ಬರ್ದಿದ್ರೂ ಏನೋ ತಪ್ಪಿದೆ ಅನ್ಸತ್ತೆ. ಹಳ್ಳಿ ಸ್ಟೇಜ್‌ನಲ್ಲಿ ಬಾಡಿಗೆ ಸೀನರಿ ಇದ್ರೆ ಅರಮನೆ ಪರದೆ ಕಾಡಿನ ಪರದೆ ಎಲ್ಲಾ ಮೇಲೆತ್ತಿಸಿ ಹಿಂದೆ ಬಿಳಿ ಬಟ್ಟೆ ಕಟ್ಟಿ, ಕೆಳಗಿನ ಮಡಿಕೆಯಲ್ಲಿ ಬಿದಿರೋ ಪೈಪೋ ತೂರಿಸಿದ್ರೆ ಭಾರಕ್ಕೆ ಸುಕ್ಕು ಹೋಗತ್ತೆ.

ಹ್ಯಾಲೋಜನ್ ಯಾಕೆ ಅಂದ್ರೆ ಡಿಮ್ಮರ್ (ಬೆಳಕು ಏರಿಸಿ ಇಳಿಸೋ ಸಾಧನ) ಇಳಿಸ್ತಾ ಹೋದಂಗೆ ಅದು ತಾನಾಗೇ ಕೆಂಪಗಾಗತ್ತೆ, ಸಂಜೆಗೆ ಅದೇ ಬೇಕು, ಮೇಲೆ ಕೆಂಪು ಜೆಲ್ (ಲೈಟ್ ಮುಂದೆ ಹಾಕೋ ಬಣ್ಣದ ಹಾಳೆ) ಹಾಕಿ ಹಾಳು ಮಾಡ್ಬೇಡಿ, ತೆಳು ಆಂಬರ್ (ಹಳದಿ ಕಿತ್ತಳೆ ಬಣ್ಣ) ಸಾಕು. ಅದೇ ಕಾರಣಕ್ಕೆ ಹ್ಯಾಲೋಜನ್‌ಗೆ ನೀಲಿ ಜೆಲ್ ಹಾಕಿ ಡಿಮ್ ಮಾಡಿದ್ರೆ ನೀಲಿ ಸತ್ತು ಕೊಳಕು ಬಣ್ಣ ಬರತ್ತೆ, ರಾತ್ರಿಗೆ ಎಲ್‌ಇಡಿನೇ ವಾಸಿ. ಆದ್ರೆ ಅಗ್ಗದ ಎಲ್‌ಇಡಿಗಳು ಕೊನೆಯ ಐದು ಪರ್ಸೆಂಟ್‌ನಲ್ಲಿ ಜರ್ಕ್ ಹೊಡೀತವೆ, ಆದ್ರಿಂದ ಪೂರ್ತಿ ಸೊನ್ನೆಗೆ ಇಳಿಸೋ ಸೀನ್‌ನಲ್ಲಿ ಅದನ್ನ ನಂಬ್ಬೇಡಿ. ಇನ್ನೊಂದು, 1000 ವ್ಯಾಟ್ ಲೈಟ್ ಒಂದಕ್ಕೇ ನಾಕು ಆಂಪ್ಸ್ ಮೇಲೆ ಎಳೆಯತ್ತೆ, 15 ಆಂಪ್ಸ್ ಸಾಕೆಟ್‌ಗೆ ಮೂರಕ್ಕಿಂತ ಜಾಸ್ತಿ ಬೇಡ್ವೇ ಬೇಡ, ಪಕ್ಕದ ಸಣ್ಣ ಸಾಕೆಟ್‌ಗೆ ಒಂದಕ್ಕಿಂತ ಜಾಸ್ತಿ ಬೇಡ.

ಈಗ ನಾಕು ನಿಮಿಷ. ಸ್ಟಾಪ್‌ವಾಚ್ ಇಟ್ಕೊಂಡು ಕ್ಯೂ ಶೀಟ್, ಅಂದ್ರೆ ಯಾವ ಲೈಟ್ ಯಾವಾಗ ಏರ್ಬೇಕು ಇಳೀಬೇಕು ಅನ್ನೋ ಪಟ್ಟಿ, ಬರೀರಿ. ಶುರುವಲ್ಲಿ ಪಕ್ಕದ ಆಂಬರ್ 70 ಪರ್ಸೆಂಟ್, ಹಿಂದಿನ ಬಿಳಿ ಪರದೆ ತಿಳಿ ಬಿಳುಪು. ಒಂದು ನಿಮಿಷದಲ್ಲಿ ಆಂಬರ್ ಸೊನ್ನೆಗೆ ಬರ್ಬೇಕು, ಯಾವಾಗ ಹೋಯ್ತು ಅಂತ ಯಾರಿಗೂ ಗೊತ್ತಾಗ್ಬಾರ್ದು. ಪರದೆ ಮಾತ್ರ ಹಂಗೇ ಇರ್ಲಿ, ಆ ಹೆಂಗಸು ಅದರ ಮುಂದೆ ಕಪ್ಪು ಆಕಾರ ಆಗ್ಲಿ. ಆಗ ಅವಳು ಎದ್ದು ಲಾಟೀನು ಹಚ್ಚಿ ಬತ್ತಿ ಏರಿಸ್ತಾಳೆ, ಅವಳ ಬೆರಳು ತಿರುಗಿದಷ್ಟೇ ನಿಧಾನಕ್ಕೆ ಮೇಲಿನ ಸಪೋರ್ಟ್ ಲೈಟ್ ಏರ್ಬೇಕು, ಅರ್ಧ ಸೆಕೆಂಡ್ ಮುಂಚೆ ಬಂದ್ರೂ ಮೋಸ ಗೊತ್ತಾಗೋಗತ್ತೆ. ಇದಕ್ಕೇ ಆಪರೇಟರ್‌ನ ರಿಹರ್ಸಲ್‌ಗೆ ಕರೀರಿ ಅಂತ ಬಡ್ಕೊಳ್ಳೋದು. ರಿಹರ್ಸಲ್ ಟೈಮಲ್ಲಿ ಡಿಮ್ಮರ್ ಬೋರ್ಡ್ ಇಲ್ದಿದ್ರೂ ಪರವಾಗಿಲ್ಲ, ಅವರು ಆಕ್ಟರ್ ಕೈ ನೋಡ್ತಾ ಬಾಯಲ್ಲಿ ಎಣಿಸ್ಲಿ. ಹಾಲ್‌ನವ್ರು ಬೆಂಕಿ ಬೇಡ ಅಂದ್ರೆ ಲಾಟೀನಿನ ಒಳಗೆ ಸಣ್ಣ ಬ್ಯಾಟರಿ ಬಲ್ಬಿಟ್ಟು ಗ್ಲಾಸಿಗೆ ಒಳಗಡೆಯಿಂದ ಬಟರ್ ಪೇಪರ್ ಅಂಟಿಸಿ.

ಒಂದೂವರೆ ನಿಮಿಷಕ್ಕೆ ಪರದೆ ಕಡು ನೀಲಿ. ಅಲ್ಲಿಂದ ಒಂದು ನಿಮಿಷಕ್ಕೂ ಜಾಸ್ತಿ ಬೋರ್ಡ್ ಮುಟ್ಬೇಡಿ. ಎಲ್ಲಾ ಡೈರೆಕ್ಟರ್‌ಗಳೂ ಹೆದರೋದು ಇಲ್ಲೇ, ಜನ ಬೋರ್ ಆಗ್ತಾರೆ ಅಂತ ಮ್ಯೂಸಿಕ್ ತುರುಕ್ತಾರೆ, ಕೊಳಲು ಶುರು ಆಗೋಗತ್ತೆ. ದಯವಿಟ್ಟು ಬೇಡ. ಜೀರುಂಡೆ ಸದ್ದು, ದೂರದಲ್ಲೊಂದು ನಾಯಿ, ಅಷ್ಟೇ. ಒಂದೇ ಒಂದು ಘಟನೆ ಇಡಿ: ರಸ್ತೇಲಿ ಲಾರಿ ಬರೋ ಸದ್ದು, ವಿಂಗ್ ಒಳಗಿಂದ ಕೈಯಲ್ಲಿ ಹಿಡಿದ ಒಂದು ಸ್ಪಾಟ್ ಗೋಡೆ ಮೇಲೆ ಹಾದುಹೋಗತ್ತೆ, ಅವಳು ಸೆರಗು ಸರಿ ಮಾಡ್ಕೊಂಡು ಎದ್ದು ನಿಲ್ತಾಳೆ, ಲಾರಿ ನಿಲ್ಲದೇ ಹೋಗತ್ತೆ, ಅವಳು ತಕ್ಷಣ ಕೂರಲ್ಲ. ಆ ಬೆಳಕು ಮಲಗಿರೋ ಮಗಳ ಮುಖದ ಮೇಲೂ ಹಾದುಹೋದ್ರೆ ಇನ್ನೂ ಒಳ್ಳೇದು, ಮಗಳು ಮಲಗಿದ್ದು ಜನಕ್ಕೆ ಅವಾಗ್ಲೇ ಗೊತ್ತಾಗ್ಲಿ.

ಎರಡೂಮುಕ್ಕಾಲು ನಿಮಿಷಕ್ಕೆ ಪರದೆ ಬೂದು ಬಣ್ಣಕ್ಕೆ ತಿರುಗ್ಬೇಕು, ಲಾಟೀನು ಮಿಣಕ್ ಮಿಣಕ್ ಅಂದು ಆರ್ಬೇಕು. ಪರದೆ ಮೇಲಿನ ಬೆಳಕು ಏರೋಕೆ ಶುರುವಾಗಿ ಇಪ್ಪತ್ತು ಸೆಕೆಂಡ್ ಆದ್ಮೇಲೆ ಲಾಟೀನು ಆರ್ಲಿ, ಇಲ್ಲಾಂದ್ರೆ ಮಧ್ಯ ಒಂದು ಕತ್ತಲೆ ಗುಂಡಿ ಬೀಳತ್ತೆ. ಮೊದಲು ಒಂದೇ ಕೋಳಿ, ಆಮೇಲೆ ಹಕ್ಕಿ, ಆಮೇಲೆ ಎಲ್ಲೋ ಬಿಂದಿಗೆ ಸದ್ದು. ಎದುರು ವಿಂಗ್‌ನ ಬಿಸಿಲು ಕೊನೇ ಇಪ್ಪತ್ತು ಸೆಕೆಂಡ್‌ನಲ್ಲಿ ಮಾತ್ರ. ಎರಡು ಸ್ಪಾಟಲ್ಲಿ ಒಂದನ್ನ ಜಗಲಿ ಕಂಬಕ್ಕೆ, ಇನ್ನೊಂದನ್ನ ಅವಳ ಮುಖಕ್ಕೆ ಹಿಡಿದಿಟ್ಟು, ಕಂಬದ್ದು ಮೊದಲು ಮುಖದ್ದು ಆಮೇಲೆ ಏರಿಸಿ. ಅವಳು ಎಲ್ಲಿ ಕೂರ್ಬೇಕು ಅಂತ ನೆಲದ ಮೇಲೆ ಟೇಪ್ ಅಂಟಿಸಿ, ಒಂದಡಿ ಆಚೀಚೆ ಆದ್ರೂ ಮುಖ ಸಿಗಲ್ಲ.

ಬೆಲಾಸ್ಕೋನ ಎಲ್ಲಾನೂ ಕಾಪಿ ಹೊಡೀಬೇಡಿ. 1912ರಲ್ಲಿ 'ದ ಗವರ್ನರ್ಸ್ ಲೇಡಿ'ಗೆ ನ್ಯೂಯಾರ್ಕ್‌ನ ಚೈಲ್ಡ್ಸ್ ಅನ್ನೋ ಹೋಟೆಲ್ಲನ್ನ ಹಂಗಂಗೇ ಸ್ಟೇಜ್ ಮೇಲೆ ಕಟ್ಟಿಸ್ದ, ಪ್ಯಾನ್‌ಕೇಕ್ ಕೂಡ ಅಲ್ಲೇ ಬೇಯಿಸೋರು. ಜನ ಹೋಟೆಲ್ ನೋಡಿ ಬಾಯಿ ಬಿಟ್ರು. ನಮ್ ಬಜೆಟ್‌ನಲ್ಲಿ ಅಂಥ ಆಸೆ ಬಂದಾಗೆಲ್ಲ ಆ ದುಡ್ಡನ್ನ ಇನ್ನೊಂದು ದಿನದ ಲೈಟ್ ಬಾಡಿಗೆಗೆ ಹಾಕಿ, ಶೋಗೆ ಮುಂಚಿನ ದಿನ ಇಡೀ ಲೈಟ್ ರಿಹರ್ಸಲ್ ಸಿಗತ್ತೆ. ಮೈಸೂರಿನ ಕಿರುರಂಗಮಂದಿರ, ರಂಗಾಯಣದ ಭೂಮಿಗೀತದಂಥ ಕಡೆ ಕತ್ತಲೆ ಸುಲಭ. ಕಾಲೇಜ್ ಹಾಲ್‌ನಲ್ಲಿ ಹಗಲು ಶೋ ಆದ್ರೆ ಕಿಟಕಿಗೆ ಕಪ್ಪು ಬಟ್ಟೆ ಹೊಡೆಯೋಕೇ ಅರ್ಧ ದಿನ ಹೋಗತ್ತೆ, ಅದನ್ನೂ ಲೆಕ್ಕ ಹಾಕ್ಕೊಳ್ಳಿ. ಪ್ಯಾಂಫ್ಲೆಟ್‌ನಲ್ಲಿ ಲೈಟ್ ಆಪರೇಟರ್ ಹೆಸರು ಆಕ್ಟರ್‌ಗಳ ಹೆಸರಿನ ಜೊತೆಗೇ, ಅದೇ ಸೈಜಲ್ಲಿ ಹಾಕಿಸಿ.

ಶೋ ಆದ್ಮೇಲೆ ಕ್ಯೂ ಶೀಟ್ ಎಸೀಬೇಡಿ. ಬೇರೆ ಹಾಲ್‌ಗೆ ಹೋದ್ರೆ ಪರ್ಸೆಂಟ್‌ಗಳು ಕೆಲಸಕ್ಕೆ ಬರಲ್ಲ, ಒಂದೊಂದು ಡಿಮ್ಮರ್ ಒಂದೊಂದು ತರ, ಅವನ್ನ ಅಲ್ಲೇ ಹೊಸದಾಗಿ ಸೆಟ್ ಮಾಡ್ಕೋಬೇಕು, ಸೆಕೆಂಡ್‌ಗಳು ಮಾತ್ರ ಹಂಗೇ ಇರ್ತವೆ. ಎಲ್ಲಿ ಜನ ಕೆಮ್ಮೋಕೆ ಶುರು ಮಾಡಿದ್ರು ಅಂತ ಶೀಟ್ ಪಕ್ಕದಲ್ಲೇ ಪೆನ್ಸಿಲ್‌ನಲ್ಲಿ ಗುರುತು ಹಾಕ್ಕೊಂಡು ಮುಂದಿನ ಶೋಗೆ ಆ ಜಾಗದಲ್ಲಿ ಹತ್ತು ಸೆಕೆಂಡ್ ಕತ್ತರಿಸಿ ನೋಡಿ.