ಮಂಗಳವಾರ, ಮಧ್ಯಾಹ್ನ ಎರಡು ಗಂಟೆ, ಅದೇ ಮೇಜು

ಕಳೆದ ತಿಂಗಳು ಬಂದಿದ್ದ ಇಬ್ಬರು ಗೆಳೆಯರು ಇಲ್ಲಿಯ ಒಂದು ಕಾಂತೀನಾದ, ಅಂದರೆ ಹಳೆಯ ಬಗೆಯ ಮದ್ಯದಂಗಡಿಯ, ನನ್ನ ಮೇಜಿನಲ್ಲಿ ಕುಳಿತು ನಾಲ್ಕು ಬಗೆ ತಿಂದರು, ಡೊಮಿನೊ ಎಂಬ ಬಿಲ್ಲೆಗಳ ಆಟ ನೋಡಿದರು, ಬಿಲ್ಲು ಇಷ್ಟು ಕಡಿಮೆಯೇ ಎಂದು ಕಣ್ಣರಳಿಸಿದರು. ಹೊರಗೆ ಬಂದ ಮೇಲೆ ‘ಮೊದಲೇ ಹೇಳಬಾರದಿತ್ತೇ ಮಾರಾಯ’ ಎಂದರು. ಹೇಳಿದ್ದೆ. ಒಂದೂವರೆ ವರ್ಷದ ಹಿಂದೆಯೇ ಹೇಳಿದ್ದೆ. ಆಗ ಮೊದಲು ನಕ್ಕವರೂ ಇವರೇ. ಈಗ ನನ್ನ ಪದ್ಧತಿಯನ್ನು ಬರೆದು ಕೊಡು ಎನ್ನುತ್ತಿದ್ದಾರೆ.

ಊರು ಮೆಕ್ಸಿಕೋ ನಗರ, ಜಾಗ ಅದರ ಹಳೆಯ ಪೇಟೆ, ಅಂದರೆ ಸೆಂತ್ರೊ. ಮೆಟ್ರೊ ಹತ್ತುವುದು, ಜೇಬು ಕಾಯುವುದು, ಟಕೀಲಾವನ್ನು ಗುಟುಕರಿಸಿ ಕುಡಿಯಬೇಕೇ ಹೊರತು ಗಂಟಲಿಗೆ ಎಸೆದುಕೊಳ್ಳಬಾರದು ಎಂಬುದೆಲ್ಲ ಓದುವವರಿಗೆ ಗೊತ್ತಿದೆ ಎಂದುಕೊಂಡಿದ್ದೇನೆ. ಕಾಂತೀನಾದ ಬಗ್ಗೆಯೂ ಹೆಚ್ಚು ವಿವರಿಸುವುದಿಲ್ಲ. ಅಮ್ಮನಿಗೆ ಫೋನಿನಲ್ಲಿ ಹೇಳಿದಾಗ ಅದು ‘ಕ್ಯಾಂಟೀನು’ ಎಂದು ಕೇಳಿಸಿತ್ತು. ಮಗ ಹೊತ್ತುಹೊತ್ತಿಗೆ ಕ್ಯಾಂಟೀನಿನಲ್ಲಿ ಉಣ್ಣುತ್ತಿದ್ದಾನೆ ಎಂದು ನೆಮ್ಮದಿಯಾದರು. ತಿದ್ದಲು ಹೋಗಲಿಲ್ಲ.

ಮೊದಲ ಎರಡು ತಿಂಗಳು ಎಲ್ಲರೂ ಮಾಡುವುದನ್ನೇ ಮಾಡಿದೆ. ರಾತ್ರಿ ಎಂಟಕ್ಕೆ ಹೊರಟು, ಕೈಯಲ್ಲೊಂದು ಪಟ್ಟಿ ಹಿಡಿದು, ಒಂದೇ ರಾತ್ರಿ ನಾಲ್ಕೈದು ಜಾಗ. ಪಟ್ಟಿಯ ಮೊದಲ ಹೆಸರು ಎಲ್ ನಿವೆಲ್. ನಗರದ ಮೊದಲ ಕಾಂತೀನಾ ಪರವಾನಗಿ ಪಡೆದದ್ದೆಂದು ಹೆಸರಾದ ಜಾಗ, ರಾಷ್ಟ್ರೀಯ ಅರಮನೆಯ ಪಕ್ಕದಲ್ಲೇ. ಆ ಮೂಲೆಯನ್ನು ಮೂರು ಸುತ್ತು ಹಾಕಿದ ಮೇಲೆ ಬೀದಿಬದಿಯ ವ್ಯಾಪಾರಿಯೊಬ್ಬರು, ಅದು 2008ರಲ್ಲಿಯೇ ಬಾಗಿಲು ಹಾಕಿದೆ ಎಂದು ಕೈಸನ್ನೆಯಲ್ಲಿ ತಿಳಿಸಿದರು. ಎರಡನೆಯದು ಸಿಂಕೋ ದೆ ಮಾಯೊ ಬೀದಿಯ ಲಾ ಓಪೆರಾ. ಕೆತ್ತನೆಯ ಕಪ್ಪುಮರ, ಹೊಂಬಣ್ಣದ ಚಾವಣಿ, ಆ ಚಾವಣಿಯಲ್ಲಿ ಮೆಕ್ಸಿಕೋ ಕ್ರಾಂತಿಯ ನಾಯಕ ಪಾಂಚೋ ವಿಲ್ಲಾ ಹೊಡೆದದ್ದೆನ್ನುವ ಗುಂಡಿನ ತೂತು. ಎಲ್ಲರೂ ಕತ್ತೆತ್ತಿ ತೂತು ನೋಡಿದರು, ನಾನೂ ನೋಡಿದೆ. ಚೆನ್ನಾಗಿದೆ, ಆದರೆ ತೂತು ನೋಡಿದ ಮೇಲೆ ಅಲ್ಲಿ ನನಗೆ ಕೆಲಸವಿರಲಿಲ್ಲ.

ದುಡ್ಡಿನ ಕಥೆ ಇನ್ನೂ ಕೆಟ್ಟದು. ಹೆಸರು ಬೇಡ, ಒಂದು ಜಾಗದಲ್ಲಿ ಗಿಟಾರು ಹಿಡಿದ ಮೂವರು ಮೇಜಿನ ಬಳಿ ಬಂದು ಹಾಡಿದರು. ನಾನು ತಲೆದೂಗಿದೆ. ಇನ್ನೊಂದು ಹಾಡಿದರು. ಮತ್ತೆ ತಲೆದೂಗಿದೆ. ಐದು ಹಾಡಾದ ಮೇಲೆ ಲೆಕ್ಕ ಹೇಳಿದರು: ಹಾಡಿಗೆ ನೂರೈವತ್ತು ಪೆಸೊ. ನನ್ನ ಒಂದೊಂದು ತಲೆದೂಗುವಿಕೆಗೆ ಏಳುನೂರು ರೂಪಾಯಿ ಬೆಲೆ! ಮತ್ತೊಂದು ಕಡೆ ನಾನು ಕೇಳದ ಎರಡು ಪೇಯಗಳು ಬಿಲ್ಲಿನಲ್ಲಿದ್ದವು. ಜಗಳಕ್ಕೆ ಬೇಕಾದಷ್ಟು ಭಾಷೆ ನನ್ನಲ್ಲಿರಲಿಲ್ಲ. ಆ ಎರಡು ತಿಂಗಳಲ್ಲಿ ಹೆಚ್ಚುಕಡಿಮೆ ಒಂಬತ್ತು ಸಾವಿರ ಪೆಸೊ ಹೋಗಿರಬೇಕು. ಉಳಿದದ್ದು ನಾಲ್ಕು ಫೋಟೊ, ಒಂದು ನೆಗಡಿ. ಊರು ಸಮುದ್ರಮಟ್ಟದಿಂದ 2,240 ಮೀಟರ್ ಎತ್ತರದಲ್ಲಿದೆ, ರಾತ್ರಿ ಚಳಿ. ನಾನೋ ಮಂಗಳೂರಿನ ಬೆವರಿನಲ್ಲಿ ಬೆಳೆದವನು.

ಆಮೇಲೆ ಹೊಳೆದದ್ದೇ ಈಗಿನ ಪದ್ಧತಿ. ಒಂದು ಕಾಂತೀನಾ, ವಾರಕ್ಕೆ ಒಂದು ದಿನ, ಮಧ್ಯಾಹ್ನ ಎರಡು ಗಂಟೆ, ಅದೇ ಮೇಜು. ಕಡಿಮೆಯೆಂದರೆ ಆರು ವಾರ. ಪಟ್ಟಿ ಇಲ್ಲ, ಫೋಟೊ ಇಲ್ಲ, ಅಲ್ಲಿಂದೆದ್ದು ಇನ್ನೊಂದು ಜಾಗಕ್ಕೆ ಹೋಗುವುದಿಲ್ಲ. ನನ್ನ ವಾರದ ರಜೆ ಮಂಗಳವಾರ, ಹಾಗಾಗಿ ಮಂಗಳವಾರ. ಕಚೇರಿಯಲ್ಲಿ ಹೇಳಿದಾಗ ಊರಿನ ಗೆಳೆಯರು ‘ಈ ಲೆಕ್ಕದಲ್ಲಿ ನೀನು ಊರು ಬಿಡುವುದರೊಳಗೆ ಹತ್ತೂ ನೋಡುವುದಿಲ್ಲ’ ಎಂದರು. ಮೆಕ್ಸಿಕೋದವರೇ ಆದ ಸಹೋದ್ಯೋಗಿಯೊಬ್ಬರು ಇನ್ನೂ ನೇರವಾಗಿ, ‘ನೀವು ಹತ್ತು ವರ್ಷ ಕುಳಿತರೂ ಅವರಿಗೆ ಪ್ರವಾಸಿಯೇ’ ಎಂದರು.

ಎರಡು ಗಂಟೆಯೇ ಏಕೆ ಎಂದರೆ ಬೊತಾನಾ. ಕುಡಿಯುವುದಕ್ಕೆ ಮಾತ್ರ ದುಡ್ಡು, ಜೊತೆಗೆ ಬರುವ ತಿಂಡಿಗೆ ಇಲ್ಲ ಎಂಬ ಹಳೆಯ ಪದ್ಧತಿ ಇನ್ನೂ ಕೆಲವು ಕಡೆ ಉಳಿದಿದೆ. ಅದು ಮಧ್ಯಾಹ್ನದ ವ್ಯವಹಾರ. ಸಂಜೆಯಾಗುತ್ತಿದ್ದಂತೆ ಅಡುಗೆಮನೆ ತಣ್ಣಗಾಗುತ್ತದೆ. ಮೆಸೊನೆಸ್ ಮತ್ತು ಬೊಲಿವಾರ್ ಬೀದಿಗಳು ಕೂಡುವಲ್ಲಿರುವ ಲಾ ಮಾಸ್ಕೋತಾ ಇದಕ್ಕೆ ಹೆಸರಾದದ್ದು. ನಾನು ಪಳಗಿದ್ದು ಅಲ್ಲಿಯೇ. ಆದರೆ ನನ್ನ ಈಗಿನ ಮೇಜು ಅಲ್ಲಿಲ್ಲ. ಅದು ಎಲ್ಲಿದೆ ಎಂದು ಹೇಳುವುದಿಲ್ಲ, ಕೇಳಬೇಡಿ. ಇರುವುದೇ ಹನ್ನೊಂದು ಮೇಜು.

ಮೊದಲ ಮಂಗಳವಾರ ಬಿಯರಿನ ಜೊತೆ ಬಂದದ್ದು ಒಂದು ಪುಟ್ಟ ಲೋಟದಲ್ಲಿ ಕೆಂಪು ಸಾರು. ಕಾಲ್ದೊ ದೆ ಕಾಮರೋನ್, ಒಣ ಸಿಗಡಿಯ ಸಾರು. ಮೇಲೊಂದು ಹೋಳು ನಿಂಬೆ. ಮೂಗಿಗೆ ಹಿಡಿದದ್ದೇ ತಡ, ನನಗೆ ಮಳೆಗಾಲದ ನಮ್ಮ ಅಡುಗೆಮನೆ. ಬಾಣಲೆಯಲ್ಲಿ ಒಣ ಸಿಗಡಿ ಹುರಿಯುವಾಗ ಪಕ್ಕದ ಮನೆಯವರೂ ಕೆಮ್ಮುವ ಅದೇ ವಾಸನೆ. ಎರಡನೆಯ ಬಿಯರಿಗೆ ಒಂದು ತೋಸ್ತಾದಾ, ಅಂದರೆ ಗರಿಗರಿಯಾದ ಮೆಕ್ಕೆಜೋಳದ ರೊಟ್ಟಿ, ಅಷ್ಟೇ. ಮೂರನೆಯ ವಾರದಿಂದ ತಟ್ಟೆ ದೊಡ್ಡದಾಯಿತು. ಐದನೆಯ ವಾರ ಹಂದಿಯ ಮೊಣಕಾಲ ಮಾಂಸ, ಚಾಮೊರ್ರೊ, ಎಲುಬಿನಿಂದ ತಾನಾಗಿ ಜಾರುವಂಥದ್ದು, ಕೇಳದೆಯೇ ಬಂತು. ಆ ಹೊತ್ತಿಗೆ ಪಕ್ಕದ ಮೇಜಿನ ಪ್ರವಾಸಿಗಳಿಗೆ ಇನ್ನೂ ಸಾರೇ ಹೋಗುತ್ತಿತ್ತು. ಅದನ್ನು ಓರೆಗಣ್ಣಿನಲ್ಲಿ ನೋಡಿ ಹಿಗ್ಗಿದೆ ಎಂದು ಒಪ್ಪಿಕೊಳ್ಳುತ್ತೇನೆ.

ಬಡಿಸುವವರಿಗೆ ಎಪ್ಪತ್ತು ದಾಟಿದೆ. ಎಲ್ಲರೂ ಅವರನ್ನು ಕರೆಯುವುದು ‘ಹೋವೆನ್’ ಎಂದು, ಅಂದರೆ ತರುಣ. ನಮ್ಮ ಹೋಟೆಲುಗಳಲ್ಲಿ ಅರವತ್ತು ದಾಟಿದವರೂ ‘ಮಾಣಿ’ಯೇ ಅಲ್ಲವೇ, ಹಾಗೆ. ಈ ತರುಣರು ನಾವು ಕೇಳುವ ತನಕ ಬಿಲ್ಲು ತರುವುದಿಲ್ಲ. ತಾವಾಗಿ ತಂದಿಟ್ಟರೆ ಎದ್ದು ಹೋಗಿ ಎಂದ ಹಾಗೆ. ಇದು ಗೊತ್ತಿಲ್ಲದೆ ಮೊದಲ ವಾರ ಒಂದೂಕಾಲು ಗಂಟೆ ಬಿಲ್ಲಿಗೆ ಕಾದು, ಆ ಸಂಕೋಚದಲ್ಲಿ ಇನ್ನೆರಡು ಬಿಯರು ಕುಡಿದೆ.

ನಿಜವಾಗಿ ಬಾಗಿಲು ತೆರೆದದ್ದು ಡೊಮಿನೊ. ಮೂಲೆಯ ಮೇಜಿನಲ್ಲಿ ನಾಲ್ವರು ನಿವೃತ್ತರು, ಎದುರುಬದುರು ಕುಳಿತವರು ಜೋಡಿ. ಇಪ್ಪತ್ತೆಂಟು ಬಿಲ್ಲೆಗಳನ್ನು ಮಗುಚಿ ಹಾಕಿ ಎರಡೂ ಅಂಗೈಯಿಂದ ಕಲಕುತ್ತಾರೆ. ಅದಕ್ಕೆ ‘ಸೋಪಾ ಮಾಡುವುದು’ ಎನ್ನುತ್ತಾರೆ, ಸಾರು ಕಲಕಿದಂತೆ. ತಲೆಗೆ ಏಳು. ಏಳನೆಯ ವಾರವೋ ಎಂಟನೆಯ ವಾರವೋ, ಒಬ್ಬರು ಬಂದಿರಲಿಲ್ಲ. ಉಳಿದ ಮೂವರು ಅರ್ಧ ಗಂಟೆ ಬಾಗಿಲ ಕಡೆ ನೋಡಿದರು. ಕೊನೆಗೆ ಒಬ್ಬರು ನನ್ನ ಕಡೆ ತಿರುಗಿ ಖಾಲಿ ಕುರ್ಚಿಯನ್ನು ಕಾಲಿನಿಂದ ಹಿಂದಕ್ಕೆ ತಳ್ಳಿದರು. ನನಗೆ ಭಾಷೆ ಬರುವುದಿಲ್ಲ ಎಂದೆ. ಅವರು ತುಟಿಯ ಮೇಲೆ ಬೆರಳಿಟ್ಟರು. ಡೊಮಿನೊ ಕಂಡುಹಿಡಿದವನು ಮೂಗ ಎಂದು ಅಲ್ಲಿ ಒಂದು ಗಾದೆ ಇದೆ. ಆಟದಲ್ಲಿ ಮಾತಾಡುವುದೇ ತಪ್ಪು. ಎರಡು ತಿಂಗಳು ಪದಕೋಶ ಹೊತ್ತು ತಿರುಗಿದವನಿಗೆ ಮಾತೇ ಬೇಡದ ಜಾಗ ಸಿಕ್ಕಿತ್ತು. ಹಾಕಲು ಬಿಲ್ಲೆ ಇಲ್ಲದಿದ್ದರೆ ಮೇಜಿಗೆ ಎರಡು ಸಲ ತಟ್ಟುವುದು, ಅಷ್ಟೇ. ಆ ದಿನ ನನ್ನಿಂದಾಗಿ ನನ್ನ ಜೋಡಿಯವರು ಮೂರಾಟ ಸೋತರು. ಆ ಹಿರಿಯರು ಏನೂ ಅನ್ನಲಿಲ್ಲ, ಅನ್ನುವ ಹಾಗೂ ಇರಲಿಲ್ಲ. ಮುಂದಿನ ವಾರ ಗೋಡೆಯ ಪಕ್ಕ ಐದನೆಯ ಕುರ್ಚಿ ಇತ್ತು.

ಈಗಿನ ಲೆಕ್ಕ ಹೀಗೆ: ಮೂರು ಬಿಯರು, ಒಂದಕ್ಕೆ ಅರವತ್ತೈದೋ ಎಪ್ಪತ್ತೋ ಪೆಸೊ, ಮೇಲೆ ಶೇಕಡಾ 15ರಷ್ಟು ಭಕ್ಷೀಸು. ಹೆಚ್ಚುಕಡಿಮೆ ಇನ್ನೂರನಲವತ್ತಕ್ಕೆ ಕುಡಿತ, ಊಟ, ಮೂರೂವರೆ ಗಂಟೆಯ ಆಟ. ನಮ್ಮ ಸಾವಿರದ ನೂರು ರೂಪಾಯಿ. ಮೊದಲ ತಿಂಗಳುಗಳಲ್ಲಿ ಒಂದು ರಾತ್ರಿಗೆ ಇದರ ನಾಲ್ಕು ಪಟ್ಟು ಕೊಟ್ಟು ಹಸಿದುಕೊಂಡೇ ಮನೆಗೆ ಬರುತ್ತಿದ್ದೆ. ಭಕ್ಷೀಸನ್ನು ಕೊಡುವ ರೀತಿಯಲ್ಲೊಂದು ಗುಟ್ಟಿದೆ, ಎಷ್ಟು ಎನ್ನುವುದಕ್ಕಿಂತ ಯಾವಾಗ ಎನ್ನುವುದು ಮುಖ್ಯ. ಇಷ್ಟೇ ಹೇಳುತ್ತೇನೆ.

ಹೆಂಡತಿ ಜೊತೆಗೆ ಬಂದದ್ದು ಎರಡು ಬಾರಿ. 1980ರ ದಶಕದ ಆರಂಭದವರೆಗೆ ಈ ಜಾಗಗಳಿಗೆ ಹೆಂಗಸರಿಗೆ ಪ್ರವೇಶವೇ ಇರಲಿಲ್ಲ. ಹೆಂಗಸರು, ಅಪ್ರಾಪ್ತರು, ಸಮವಸ್ತ್ರದವರಿಗೆ ಪ್ರವೇಶವಿಲ್ಲ ಎಂಬ ಹಳೆಯ ಫಲಕವನ್ನು ಈಗ ಕೆಲವರು ಅಲಂಕಾರಕ್ಕೆ ನೇತುಹಾಕಿದ್ದಾರೆ. ‘ಫಲಕ ತೆಗೆಯದಿದ್ದರೂ ಪರವಾಗಿಲ್ಲ, ಹೆಂಗಸರ ಶೌಚಾಲಯವನ್ನು ಮೆಟ್ಟಿಲ ಕೆಳಗೆ ತುರುಕಿದ್ದಾರಲ್ಲ’ ಎಂದಳು. ಆಮೇಲೆ ನೋಡಿದರೆ ಹೌದು, ಹಳೆಯ ಕಾಂತೀನಾಗಳಲ್ಲಿ ಅದು ಆಮೇಲೆ ಅಂಟಿಸಿದ ಕೋಣೆಯೇ.

ಇನ್ನು ಪುಲ್ಕೆ. ಇದು ಪದ್ಧತಿಯ ಹೊರಗಿನ ಪ್ರಯೋಗ, ಆದರೆ ನನ್ನ ಹೆಮ್ಮೆ ಇರುವುದು ಇದರಲ್ಲಿಯೇ. ಕತ್ತಾಳೆಯ ಜಾತಿಯ ದೊಡ್ಡ ಗಿಡ ಮಾಗೆಯ್. ಅದರ ನಡುತಿರುಳನ್ನು ಕೆರೆದು, ಒಸರುವ ಸಿಹಿರಸವನ್ನು ಉದ್ದನೆಯ ಸೋರೆಬುರುಡೆಯಿಂದ ಹೀರಿ ತೆಗೆಯುತ್ತಾರೆ. ಹುಳಿಯುವ ಮುಂಚೆ ಅದು ನಮ್ಮ ನೀರಾ, ಹುಳಿತ ಮೇಲೆ ಶೇಂದಿ, ಅದೇ ಪುಲ್ಕೆ. ತೆಗೆಯುವ ತ್ಲಾಚಿಕೇರೊ ನಮ್ಮ ಮೂರ್ತೆದಾರರ ದಾಯಾದಿ, ಮರ ಹತ್ತುವ ಕಷ್ಟ ಮಾತ್ರ ಇಲ್ಲ. ಕುಡಿಯುವ ಅಂಗಡಿ ಪುಲ್ಕೆರಿಯಾ, ಅಪ್ಪಟ ಗಡಂಗು. ಸಾನ್ ಹುವಾನ್ ಮಾರುಕಟ್ಟೆಯ ಬಳಿ ಆರಾಂದಾ ಬೀದಿಯಲ್ಲಿ ಲಾಸ್ ದುಯೆಲಿಸ್ತಾಸ್ ಇದೆ, ಗೋಡೆಯಿಡೀ ಬಣ್ಣದ ಚಿತ್ರ. ಸೀಬೆ, ಓಟ್ಸ್, ಸೆಲರಿ ಬೆರೆಸಿದ ಪುಲ್ಕೆ, ಅಂದರೆ ಕುರಾದೊಗಳು, ಲೋಟಗಟ್ಟಲೆ ಹೋಗುತ್ತವೆ. ಬಿಳಿಯ ಪುಲ್ಕೆ ನಾಲಗೆಗೆ ಲೋಳೆ. ಮೊದಲ ಗುಟುಕಿಗೆ ಮುಖ ಸಿಂಡರಿಸದವರನ್ನು ನಾನು ಕಂಡಿಲ್ಲ, ಕರಾವಳಿಯವರನ್ನು ಬಿಟ್ಟು.

ನನಗೆ ಹೊಳೆದದ್ದು ಸಾನ್ನಾಂ, ನಮ್ಮ ಕರಾವಳಿಯ ಇಡ್ಲಿಯಂಥ ತಿಂಡಿ. ಶೇಂದಿಯಿಂದ ಹಿಟ್ಟು ಉಬ್ಬಿಸಬಹುದಾದರೆ ಪುಲ್ಕೆಯಿಂದ ಏಕಾಗದು? ಮೆಕ್ಸಿಕೋದ ಉತ್ತರದ ಸಾಲ್ತಿಯೊ ಊರಿನಲ್ಲಿ ಪುಲ್ಕೆಯಿಂದಲೇ ಉಬ್ಬಿಸಿದ ಬ್ರೆಡ್ಡು ಹೆಸರುವಾಸಿ. ಒಂದು ಲೀಟರು ಕೊಂಡು, ತಂಪುಪಾನೀಯದ ಬಾಟಲಿಗೆ ತುಂಬಿ, ಮುಚ್ಚಳ ಬಿಗಿದು ಮೆಟ್ರೊ ಕಡೆ ನಡೆದೆ. ಶೇಂದಿಯ ಬಾಟಲಿಗೆ ಮುಚ್ಚಳ ಬಿಗಿಯಬಾರದು ಎಂದು ಊರಿನ ಚಿಕ್ಕ ಮಕ್ಕಳಿಗೂ ಗೊತ್ತು. ಬಾಟಲಿ ಸಿಡಿದದ್ದು ಸಾಲ್ತೊ ದೆಲ್ ಆಗುವಾ ನಿಲ್ದಾಣದಲ್ಲಿ. ಆ ಹೆಸರಿನ ಅರ್ಥ ಜಲಪಾತ. ಅಂಗಿ, ಚೀಲ, ಪಕ್ಕದ ಹೆಂಗಸಿನ ಹೂಗುಚ್ಛ ಎಲ್ಲವೂ ತೊಯ್ದವು. ಹೂವಿಗೆ ಎಂಬತ್ತು ಪೆಸೊ ತೆತ್ತೆ.

ಎರಡನೆಯ ಸಲ ಬಿಳಿ ಪುಲ್ಕೆ ಮುಗಿದಿತ್ತು, ಸೀಬೆಯ ಕುರಾದೊ ಹಾಕಿದೆ. ಗುಲಾಬಿ ಬಣ್ಣದ, ಅಂಟಂಟಾದ ಮುದ್ದೆ. ಊರಿನ ನೆರೆಮನೆಯ ಬಾಯಮ್ಮನಿಗೆ ಫೋನಿನಲ್ಲಿ ತೋರಿಸಿದೆ. ‘ಹಣ್ಣು ಬೆರೆಸಿದ್ದನ್ನು ಯಾರಾದರೂ ಹಿಟ್ಟಿಗೆ ಹೊಯ್ಯುತ್ತಾರಾ? ಕುಡಿದು ಮಾಡಿದೆಯಾ?’ ಎಂದು ಬೈದರು. ಮೂರನೆಯ ಸಲ ಬೆಳಗಿನ ಬಿಳಿ ಪುಲ್ಕೆ, ಹಿಟ್ಟು ಉಬ್ಬಿತು, ಆದರೆ ಬೇಯಲಿಲ್ಲ. ಈ ಎತ್ತರದಲ್ಲಿ ನೀರು ಕುದಿಯುವುದೇ 92–93 ಡಿಗ್ರಿಯಲ್ಲಿ. ಹದಿನೈದು ನಿಮಿಷದ ಹಬೆ ಸಾಲದು, ಅರ್ಧ ಗಂಟೆ ಬೇಕು. ನಾಲ್ಕನೆಯ ಸಲ ಗೆದ್ದೆ. ಕುಚ್ಚಲಕ್ಕಿ ಸಿಗದೆ ಇಲ್ಲಿಯ ಬೆಳ್ತಿಗೆ ಅಕ್ಕಿಯಲ್ಲೇ ಮಾಡಿದ್ದು. ಪುಲ್ಕೆ ಎಷ್ಟು, ಸಕ್ಕರೆ ಎಷ್ಟು ಎನ್ನುವುದು ನನ್ನ ಮತ್ತು ಬಾಯಮ್ಮನ ನಡುವಿನ ವಿಷಯ.

ಹನ್ನೆರಡು ಸಾನ್ನಾಂ ಕಟ್ಟಿಕೊಂಡು ಮಂಗಳವಾರ ಮೇಜಿಗೆ ಹೋದೆ. ಡೊಮಿನೊ ಹಿರಿಯರು ಒಂದನ್ನು ಚಿವುಟಿ, ಮೂಸಿ, ಸಿಗಡಿ ಸಾರಿನಲ್ಲಿ ಅದ್ದಿ ತಿಂದರು. ನಾನು ಹೇಳಿಕೊಟ್ಟದ್ದಲ್ಲ. ತರುಣರು ಎರಡನ್ನು ಕಾಗದದಲ್ಲಿ ಸುತ್ತಿ ಅಡುಗೆಮನೆಗೆ ಒಯ್ದರು. ಹೊರಡುವಾಗ ‘ಕೊನೆಯದೊಂದು ಬಿಯರು’ ಎಂದೆ. ಎಲ್ಲರೂ ಒಟ್ಟಿಗೆ ತಿದ್ದಿದರು: ಅಲ್ಲಿ ಯಾರೂ ಕೊನೆಯದು ಎನ್ನುವುದಿಲ್ಲ, ‘ಪೆನುಲ್ತಿಮಾ’, ಅಂದರೆ ಕೊನೆಯದಕ್ಕಿಂತ ಹಿಂದಿನದು.

ಹದಿನೆಂಟು ತಿಂಗಳಲ್ಲಿ ನನಗೆ ಗುರುತಾದ ಕಾಂತೀನಾಗಳು ಏಳು. ಮುಂದಿನದು ಪುಯೆಬ್ಲಾ ನಗರ. ಅಲ್ಲಿಯ ಲಾ ಪಸಿತಾದಲ್ಲಿ ಒಣದ್ರಾಕ್ಷಿಯ ಮದ್ಯಕ್ಕೆ ಒಂದು ಚೂರು ಚೀಸು ಹಾಕಿ ಪುಟ್ಟ ಗ್ಲಾಸಿನಲ್ಲಿ ಕೊಡುತ್ತಾರೆ. ಬೊತಾನಾ ಇಲ್ಲ, ಡೊಮಿನೊ ಮೇಜೂ ಇಲ್ಲ, ಜಾಗವೇ ಅಂಗೈಯಗಲ. ಗೆಳೆಯರು ಈಗಲೇ ನಗುತ್ತಿದ್ದಾರೆ.