ನೆಲದ ಮೇಲಿನ ಟೇಪು

ಮೊದಲ ಸಲ ಕ್ಯಾಮೆರಾ ಮುಂದೆ ನಿಂತ ದಿನ ನನ್ನ ಕೆಲಸ ಇಷ್ಟೇ: ಬಾಗಿಲು ತೆಗೆದು ಬರಬೇಕು, ನೆಲಕ್ಕೆ ಅಂಟಿಸಿದ್ದ ಟೇಪಿನ ಹತ್ತಿರ ನಿಲ್ಲಬೇಕು, ಒಂದು ಮಾತು ಹೇಳಬೇಕು. ಮಾತು ಚೆನ್ನಾಗಿಯೇ ಬಂತು. ಆದರೆ ಟೇಪು ದಾಟಿ ಅರ್ಧ ಅಡಿ ಮುಂದೆ ನಿಂತಿದ್ದೆ. ಇನ್ನೊಂದು ಟೇಕ್. ಮತ್ತೊಂದು. ಐದನೆಯದರಲ್ಲಿ ನೆಲ ನೋಡಿಕೊಂಡೇ ನಡೆದೆ, ಅದೂ ಹಾಳು. ಅರ್ಧ ಅಡಿಗೆ ಇಷ್ಟೊಂದು ಗಲಾಟೆ ಯಾಕಪ್ಪಾ ಅಂತ ಒಳಗೊಳಗೇ ಸಿಟ್ಟು ಬಂದಿತ್ತು.

ಪಾತ್ರಗಳು ಕಡಿಮೆಯಾದಾಗ ಕ್ಯಾಮೆರಾ ತಂಡ ಸೇರಿದೆ. ಮೊದಲು ಪೆಟ್ಟಿಗೆ ಹೊತ್ತೆ, ಬ್ಯಾಟರಿ ಚಾರ್ಜಿಗೆ ಹಾಕಿದೆ, ಕ್ಲಾಪ್ ಹೊಡೆದೆ. ಆಮೇಲೆ ಫೋಕಸ್ ಕೈಗೆ ಬಂತು, ಅಂದರೆ ಲೆನ್ಸಿನ ರಿಂಗ್ ತಿರುಗಿಸಿ ನಟರ ಮುಖ ಸ್ಪಷ್ಟವಾಗಿ ಕಾಣುವಂತೆ ನೋಡಿಕೊಳ್ಳುವ ಕೆಲಸ. ಕ್ಯಾಮೆರಾದ ಮೈಮೇಲೆ ಸೊನ್ನೆಯನ್ನು ಗೆರೆಯೊಂದು ಸೀಳಿದ ಹಾಗೆ ಒಂದು ಗುರುತಿರುತ್ತದೆ. ಒಳಗೆ ಚಿತ್ರ ಮೂಡುವ ಸೆನ್ಸರ್ ಇರುವ ಜಾಗ ಅದು. ಅಳತೆ ಟೇಪು ಹಿಡಿಯಬೇಕಾದ್ದು ಅಲ್ಲಿಂದ ನಟರ ಕಣ್ಣಿನವರೆಗೆ. ನಾನು ಮೊದಮೊದಲು ಲೆನ್ಸಿನ ತುದಿಯಿಂದ ಅಳೆದು ಬೈಸಿಕೊಂಡಿದ್ದೇನೆ. 85 ಎಂಎಂ ಲೆನ್ಸಿನ ಬೆಳಕಿನ ಕಿಂಡಿಯನ್ನು ಎಫ್ 2ರಷ್ಟು ಅಗಲಕ್ಕೆ ತೆರೆದು, ನಟರನ್ನು 6 ಅಡಿ ದೂರ ನಿಲ್ಲಿಸಿದರೆ ಸ್ಪಷ್ಟವಾಗಿ ಕಾಣುವ ಜಾಗ ಹೆಚ್ಚುಕಮ್ಮಿ 2 ಇಂಚು. ಅದರಲ್ಲಿ ಅರ್ಧ ಅಡಿ ಮುಂದೆ ಬಂದರೆ ಮುಖವೆಲ್ಲ ಮಂಜು. ನನ್ನ ಹಳೇ ಸಿಟ್ಟು ಅಲ್ಲಿಗೆ ಇಳಿಯಿತು.

ನಟನೆಯೂ ಇಲ್ಲಿ ಉಪಯೋಗಕ್ಕೆ ಬಂತು. ನಡೆಯುವ ಮೊದಲು ಮೈಭಾರ ಒಂದು ಕಾಲಿಗೆ ವಾಲುತ್ತದೆ, ಮುಂದಕ್ಕೆ ಬಾಗುವ ಮೊದಲು ಉಸಿರು ಒಳಗೆ ಹೋಗುತ್ತದೆ. ನಾನೇ ಹಾಗೆ ಮಾಡಿದವನಲ್ವಾ! ಹಾಗಾಗಿ ನಟರ ಭುಜ ನೋಡುತ್ತಾ ರಿಂಗ್ ತಿರುಗಿಸುತ್ತಿದ್ದೆ. ನಟನೆ, ಫೋಕಸ್, ಆಮೇಲೆ ಬಂದ ಸಹಾಯಕ ನಿರ್ದೇಶನ, ಈ ಮೂರು ಕೆಲಸಗಳಲ್ಲಿ ನನಗೆ ಜಾಸ್ತಿ ಖುಷಿ ಕೊಟ್ಟಿದ್ದು ಫೋಕಸ್ಸೇ.

ಸಹಾಯಕ ನಿರ್ದೇಶಕನಾದ ಮೇಲೆ ಕೂರೋಕೇ ಪುರಸೊತ್ತಿಲ್ಲ. ನಾಳೆ ಯಾರು ಎಷ್ಟು ಹೊತ್ತಿಗೆ ಎಲ್ಲಿಗೆ ಬರಬೇಕು ಅನ್ನೋ ಕಾಲ್ ಶೀಟ್ ಬರೆಯಬೇಕು, ವೈಡ್ ಶಾಟಲ್ಲಿ ಪತ್ರ ಯಾವ ಕೈಲಿತ್ತು ಅಂತ ಕ್ಲೋಸಪ್ ಹೊತ್ತಿಗೆ ನೆನಪಿರಬೇಕು. ಎಲ್ಲ ಸರಿಹೋದರೆ ನಿಮ್ಮ ಹೆಸರು ಯಾರೂ ಎತ್ತುವುದಿಲ್ಲ. ತಪ್ಪಿದರೆ ಎಲ್ಲರೂ ನಿಮ್ಮನ್ನೇ ಕೂಗುತ್ತಾರೆ.

ಒಂದು ದಿನ ಹೊಸ ಹುಡುಗನೊಬ್ಬ ನನ್ನ ಹಾಗೇ ಟೇಪು ದಾಟುತ್ತಿದ್ದ. ಮೂರು ಟೇಕ್ ಹೋಗಿತ್ತು. ಅವನನ್ನು ಟೇಪಿನ ಮೇಲೆ ನಿಲ್ಲಿಸಿ, "ಈಗ ಹಿಂದಕ್ಕೆ ನಡಿಯಪ್ಪ, ಬಾಗಿಲವರೆಗೆ. ಹೆಜ್ಜೆ ಎಣಿಸು" ಅಂದೆ. ಏಳು ಹೆಜ್ಜೆ. ಅಲ್ಲಿಂದ ಅದೇ ಏಳು ಹೆಜ್ಜೆ ಮುಂದಕ್ಕೆ, ನೆಲ ನೋಡದೆ. ಟೇಪಿನ ಮುಂದೆ ಸಣ್ಣ ಮರಳಿನ ಚೀಲವನ್ನೂ ಇಟ್ಟೆ. ಫ್ರೇಮಿಗೆ ಅದು ಬೀಳುತ್ತಿರಲಿಲ್ಲ, ಬೂಟಿನ ತುದಿಗೆ ತಾಗಿದರೆ ಸಾಕು.

ಮುಂದಿನ ಟೇಕಲ್ಲಿ ಕೂದಲೆಳೆಯಷ್ಟೂ ಆಚೀಚೆ ಇಲ್ಲದೆ ನಿಂತ. ಫೋಕಸ್ ಹುಡುಗ ನನ್ನ ಕಡೆ ನೋಡಿ ಹೆಬ್ಬೆರಳು ಎತ್ತಿದ. ನಾವೆಲ್ಲ ಕಾದೆವು.

ಅವನು ಮಾತು ಮರೆತಿದ್ದ.