ಚಿಟ್ಟೆ, ಜೇನು ಬರಬೇಕಾ? ತುಂಬೆ, ಎಕ್ಕದಿಂದ ಶುರು ಮಾಡಿ

ನರ್ಸರಿಗೆ ಹೋಗಿ ಚಿಟ್ಟೆ ಬರುವ ಗಿಡ ಕೊಡಿ ಅಂದರೆ ಸಾಮಾನ್ಯವಾಗಿ ಬಣ್ಣಬಣ್ಣದ ಲಂಟಾನ ಕೊಡುತ್ತಾರೆ. ಚಿಟ್ಟೆ ಬರುತ್ತದೆ, ಸುಳ್ಳಲ್ಲ. ಆದರೆ ಅದು ಅಮೆರಿಕ ಖಂಡದಿಂದ ಬಂದ ಕಳೆ, ಬಂಡೀಪುರ, ಬಿಳಿಗಿರಿರಂಗನ ಬೆಟ್ಟದ ಕಾಡನ್ನೆಲ್ಲ ಆವರಿಸಿಕೊಂಡು ಕೂತಿದೆ. ನಮ್ಮ ನೆಲದ ಗಿಡಗಳೇ ಸಾಕು.

ಮೊದಲು ಜಾಗ. ದಿನಕ್ಕೆ ಐದಾರು ಗಂಟೆ ಬಿಸಿಲು ಬೀಳುವ ತಾರಸಿ, ಅಂಗಳ ಯಾವುದಾದರೂ ಸರಿ. ಕೆಂಪು ಮಣ್ಣಿಗೆ ಸ್ವಲ್ಪ ಮರಳು, ಕೊಟ್ಟಿಗೆ ಗೊಬ್ಬರ ಬೆರೆಸಿ. ಮುಂಗಾರು ಶುರುವಾಗುವ ಹೊತ್ತಿಗೆ ನೆಟ್ಟರೆ ನೀರು ಹಾಕುವ ಕೆಲಸ ಅರ್ಧ ಕಡಿಮೆ.

ಆಮೇಲೆ ಹೂವು. ತುಂಬೆ ಗಿಡ ನರ್ಸರಿಯಲ್ಲಿ ಸಿಗುವುದು ಕಷ್ಟ, ಮಳೆ ಮುಗಿದ ಮೇಲೆ ಖಾಲಿ ಸೈಟುಗಳಲ್ಲಿ ಹುಡುಕಿ, ಒಣಗಿದ ಗೊಂಚಲು ಕಿತ್ತು ತಂದು ಮಣ್ಣಿನ ಮೇಲೆ ಉದುರಿಸಿ. ತುಳಸಿ ಹೇಗೂ ಮನೆಯಲ್ಲಿರುತ್ತದೆ, ಅಲ್ವಾ? ಅದರ ಕದಿರನ್ನು ಚಿವುಟುತ್ತಲೇ ಇರಬೇಡಿ, ಒಂದು ಕುಂಡವನ್ನಾದರೂ ಹೂ ಬಿಡಲು ಬಿಡಿ, ತುಡುವೆ ಜೇನು, ಕೋಲುಜೇನು ಎರಡೂ ಬರುತ್ತವೆ. ಕೆಂಪು ಕೇಪಳದ ಉದ್ದ ಕೊಳವೆಯ ಹೂ ಚಿಟ್ಟೆಗಳಿಗೆ.

ಇಲ್ಲಿವರೆಗೆ ಎಲ್ಲರೂ ಮಾಡುತ್ತಾರೆ. ಎಲೆಯ ವಿಷಯ ಬಂದಾಗ ಕೈ ಹಿಂದೆಗೆಯುತ್ತಾರೆ. ಚಿಟ್ಟೆ ಮಕರಂದ ಕುಡಿದು ಹೋದರೆ ಅದು ನೆಂಟ ಮಾತ್ರ, ಮೊಟ್ಟೆ ಇಟ್ಟರೆ ಮನೆಯವರು. ಮೊಟ್ಟೆ ಇಡಲು ಅದಕ್ಕೆ ಅದರದೇ ಗಿಡ ಬೇಕು. ಕಿತ್ತಳೆ ಬಣ್ಣದ ಪ್ಲೇನ್ ಟೈಗರ್ ಚಿಟ್ಟೆಗೆ ಎಕ್ಕ. ಕಾಮನ್ ಮಾರ್ಮನ್‌ಗೆ ಕರಿಬೇವು, ನಿಂಬೆ. ಅದರ ಎಳೆ ಮರಿಹುಳು ಹಕ್ಕಿ ಹಿಕ್ಕೆಯ ಹಾಗೆ ಕಾಣುತ್ತದೆ, ದೊಡ್ಡದಾದ ಮೇಲೆ ಹಸಿರು, ಗಾಬರಿಯಾಗಿ ಕಿತ್ತೆಸೆಯಬೇಡಿ. ಒಗ್ಗರಣೆಗೆ ಎಲೆ ಕಡಿಮೆಯಾದೀತು, ಮತ್ತೆ ಚಿಗುರುತ್ತದೆ. ಈಶ್ವರಿ ಬಳ್ಳಿ ಸಿಕ್ಕರೆ ಬಿಡಬೇಡಿ: ಕ್ರಿಮ್ಸನ್ ರೋಸ್ ಚಿಟ್ಟೆಯ ಮರಿಹುಳು ಅದನ್ನು ತಿನ್ನುತ್ತದೆ, ಕರ್ನಾಟಕದ ರಾಜ್ಯ ಚಿಟ್ಟೆ ಸದರ್ನ್ ಬರ್ಡ್‌ವಿಂಗ್‌ನ ಮರಿಹುಳುವಿಗೂ ಈ ಜಾತಿಯ ಬಳ್ಳಿಗಳೇ ಆಹಾರ. ಎಲೆಯ ವಿಷ ಹುಳುವಿನ ಮೈಸೇರುವುದರಿಂದ ಹಕ್ಕಿಗಳು ಅದನ್ನು ಸುಲಭಕ್ಕೆ ಮುಟ್ಟುವುದಿಲ್ಲ. ಹಾಗಾಗಿ ನೀವೂ ಕಷಾಯ ಗಿಷಾಯ ಅಂತ ಹೋಗಬೇಡಿ, ಈ ಬಳ್ಳಿ ಮೂತ್ರಪಿಂಡಕ್ಕೆ ಕೆಟ್ಟದ್ದು. ಎಕ್ಕದ ಹಾಲು ಕಣ್ಣಿಗೆ ಬೀಳದ ಹಾಗೆ ನೋಡಿಕೊಳ್ಳಿ, ಮಕ್ಕಳಿದ್ದರೆ ಇನ್ನೂ ಜಾಸ್ತಿ ಎಚ್ಚರ.

ಅಂಗಳ ಇದ್ದವರು ಎಲ್ಲ ಕಡೆ ಸಿಮೆಂಟ್ ಹಾಕಿಸಬೇಡಿ. ಹೊಟ್ಟೆಯ ಮೇಲೆ ನೀಲಿ ಪಟ್ಟಿ ಇರುವ ಒಂಟಿ ಜೇನುನೊಣ ಬರಿಯ ಮಣ್ಣಿನಲ್ಲಿ, ಮಣ್ಣಿನ ಗೋಡೆಯಲ್ಲಿ ಬಿಲ ಕೊರೆಯುತ್ತದೆ. ಬದನೆ, ಟೊಮೆಟೊ ಹೂವಿನಲ್ಲಿ ಪರಾಗ ಸಣ್ಣ ತೂತಿರುವ ಚೀಲದೊಳಗೆ ಇರುತ್ತದೆ. ಈ ನೊಣ ಹೂವನ್ನು ಹಿಡಿದು ಗುಂಯ್ ಅಂತ ಮೈ ನಡುಗಿಸಿ ಅದನ್ನು ಉದುರಿಸಿಕೊಳ್ಳುತ್ತದೆ. ದೊಡ್ಡ ಕಪ್ಪು ದುಂಬಿಗೂ ಈ ವಿದ್ಯೆ ಗೊತ್ತು, ತುಡುವೆಗೆ ಗೊತ್ತಿಲ್ಲ. ದುಂಬಿ ಒಣ ಮರ, ಬಿದಿರು ಕೊರೆದು ಗೂಡು ಮಾಡುವುದರಿಂದ ಹಳೆ ಬಿದಿರಿನ ತುಂಡು ಒಂದು ಮೂಲೆಯಲ್ಲಿರಲಿ.

ಔಷಧಿ ಹೊಡೆಯಬೇಡಿ. ಬೇವಿನ ಎಣ್ಣೆ ಸಾವಯವ ತಾನೇ ಅನ್ನುತ್ತಾರೆ, ಮರಿಹುಳುವಿಗೆ ಅದೂ ವಿಷವೇ. ಗಿಡಕ್ಕೆ ಹೇನು ಹತ್ತಿದ್ದರೆ ನೀರು ರಭಸವಾಗಿ ಚಿಮ್ಮಿಸಿ. ಬೇಸಿಗೆಯಲ್ಲಿ ಅಗಲ ತಟ್ಟೆಯಲ್ಲಿ ಬೆಣಚುಕಲ್ಲು ಹಾಕಿ, ಕಲ್ಲು ಮುಳುಗದಷ್ಟು ನೀರಿಡಿ, ಎರಡು ದಿನಕ್ಕೊಮ್ಮೆ ಚೆಲ್ಲಿ ಬದಲಾಯಿಸಿ, ಇಲ್ಲದಿದ್ದರೆ ಸೊಳ್ಳೆ ಹುಟ್ಟುತ್ತವೆ.